ಡ್ರಾಕುಲಾನಿಗೆ ಹೆದರಿದ ಮನುಷ್ಯ

ಕಳೆದ ವರ್ಷದ ವಾರ್ಷಿಕೋತ್ಸವದ ನಾಟಕದಲ್ಲಿ ಏಳನೆಯ ತರಗತಿಯ ಒಬ್ಬ ಹುಡುಗನಿಗೆ ಕಾವಲುಗಾರನ ವೇಷ ಕೊಟ್ಟಿದ್ದೆವು. ಕೈಯಲ್ಲೊಂದು ಈಟಿ, ತಲೆಗೊಂದು ಮುಂಡಾಸು. ಮಾತು ಒಂದೂ ಇಲ್ಲ. ಪಾತ್ರ ಹಂಚಿದ ಮರುದಿನವೇ ಅವನ ತಾಯಿ ಶಾಲೆಗೆ ಬಂದರು. ಜಗಳಕ್ಕೆ ಬಂದದ್ದಲ್ಲ, ಪಾಪ. "ಮಾಷ್ಟ್ರೇ, ಇವನಿಗೆ ಒಂದು ಮಾತಾದರೂ ಕೊಡ್ಲಿಕ್ಕೆ ಆಗ್ತದಾ? ಮನೆಯಲ್ಲಿ ಎಲ್ಲರ ಮಾತನ್ನೂ ಬಾಯಿಪಾಠ ಹೇಳ್ತಾನೆ" ಎಂದು ಕೇಳಿದರು ಅಷ್ಟೆ.

ನಾವು ಏನು ಹೇಳಿದೆವು? ಎಲ್ಲ ಅಧ್ಯಾಪಕರೂ ಹೇಳುವುದನ್ನೇ ಹೇಳಿದೆವು. "ಪಾತ್ರದಲ್ಲಿ ಸಣ್ಣದು ದೊಡ್ಡದು ಅಂತ ಇಲ್ಲಮ್ಮ. ಚೆನ್ನಾಗಿ ಮಾಡಿದರೆ ಎಲ್ಲವೂ ದೊಡ್ಡದೇ." ಆಕೆ ತಲೆಯಾಡಿಸಿ ಹೋದರು.

ಆಮೇಲೆ ಒಂದು ತಿಂಗಳು ರಿಹರ್ಸಲ್ ನಡೆಯಿತು. ರಾಜನಿಗೆ ದಿನಾ ಪಾಠ, ಮಂತ್ರಿಗೆ ದಿನಾ ಪಾಠ. ಕಾವಲುಗಾರನಿಗೆ? "ನೀನು ಅಲ್ಲಿ ನಿಂತುಕೋ" ಎಂದು ಒಂದು ದಿನ ಹೇಳಿದ್ದು. ಮುಗಿಯಿತು. ನಾಟಕದ ದಿನ ಹುಡುಗ ರಂಗಸ್ಥಳದಲ್ಲಿ ಈಟಿ ಹಿಡಿದು ನಿಂತ. ರಾಜ ಸಿಂಹಾಸನದಿಂದ ಬಿದ್ದು ಸಾಯುವಾಗಲೂ ಹಾಗೆಯೇ ನಿಂತಿದ್ದ, ಎದುರು ಕೂತ ತಂಗಿಯನ್ನು ನೋಡಿ ನಗುತ್ತಾ. ಸಭೆಯೆಲ್ಲ ನಕ್ಕಿತು. ರಾಜನ ಸಾವು ಹಾಳಾಯಿತು. ನಾವು ಚೌಕಿಯಲ್ಲಿ ಹುಡುಗನಿಗೆ ಬೈದೆವು. ಈ ವರ್ಷ ನಾಟಕಕ್ಕೆ ಹೆಸರು ಕೊಡಿ ಎಂದಾಗ ಅವನು ಕೈ ಎತ್ತಲಿಲ್ಲ.

ತಪ್ಪು ಯಾರದು? ಇದನ್ನು ಯೋಚಿಸುವಂತೆ ಮಾಡಿದ್ದು ಯಾವ ಶಿಕ್ಷಣ ತಜ್ಞರೂ ಅಲ್ಲ. ಇಂಗ್ಲೆಂಡಿನ ಒಬ್ಬ ಸಿನೆಮಾ ನಟ. ಹೆಸರು ಮೈಕಲ್ ರಿಪ್ಪರ್. ನೀವು ಹೆಸರು ಕೇಳಿರಲಿಕ್ಕಿಲ್ಲ. ನಾವೂ ಕೇಳಿರಲಿಲ್ಲ.

ಆದದ್ದು ಹೀಗೆ. ಶನಿವಾರ ಸಂಜೆ ನಾವು ಮೂರ್ನಾಲ್ಕು ಮಂದಿ ಅಧ್ಯಾಪಕರು ಒಂದು ಮನೆಯಲ್ಲಿ ಸೇರಿ ಹಳೆಯ ಸಿನೆಮಾ ನೋಡುವ ಅಭ್ಯಾಸ ಉಂಟು. ಮಳೆಗಾಲದಲ್ಲಿ ಒಮ್ಮೆ ಇಂಗ್ಲಿಷಿನ ಭೂತ ಪ್ರೇತದ ಚಿತ್ರಗಳ ಸರದಿ ಬಂತು. ಹ್ಯಾಮರ್ ಎಂಬ ಬ್ರಿಟಿಷ್ ಕಂಪೆನಿ 1950ರ ದಶಕದಿಂದ 70ರ ದಶಕದವರೆಗೆ ತೆಗೆದ ಡ್ರಾಕುಲಾ, ಫ್ರಾಂಕೆನ್‌ಸ್ಟೈನ್, ಮಮ್ಮಿ ಚಿತ್ರಗಳು. ಕ್ರಿಸ್ಟೋಫರ್ ಲೀ, ಪೀಟರ್ ಕುಶಿಂಗ್ ಎಂಬ ಇಬ್ಬರು ದೊಡ್ಡ ನಟರು ಲೋಕಪ್ರಸಿದ್ಧರಾದದ್ದು ಈ ಚಿತ್ರಗಳಿಂದ. ಮೂರನೆಯ ಚಿತ್ರ ನೋಡುವಾಗ ನಮ್ಮಲ್ಲೊಬ್ಬರು ಎದ್ದು ಕೂತು, "ತಡೀರಿ, ಈ ಮನುಷ್ಯ ಮೊನ್ನೆಯ ಚಿತ್ರದಲ್ಲಿಯೂ ಇದ್ದನಲ್ಲ?" ಎಂದರು. ಇದ್ದರು. ಅದಕ್ಕೆ ಹಿಂದಿನದರಲ್ಲಿಯೂ ಇದ್ದರು. ಗಿಡ್ಡ ಆಳು, ಮುಂದಕ್ಕೆ ಬಂದಂತಿರುವ ದೊಡ್ಡ ಕಣ್ಣು, ಒಡೆದ ಗಡಸು ಸ್ವರ. ಒಂದರಲ್ಲಿ ಪೊಲೀಸು, ಒಂದರಲ್ಲಿ ಗಾಡಿ ಹೊಡೆಯುವವನು, ಒಂದರಲ್ಲಿ ಹೆಂಡದಂಗಡಿಯ ಧಣಿ. ಅಲ್ಲಿಂದ ನಮಗೆ ಇದೊಂದು ಆಟವಾಯಿತು. ಚಿತ್ರ ಶುರುವಾದೊಡನೆ ರಿಪ್ಪರ್ ಎಲ್ಲಿ ಎಂದು ಹುಡುಕುವುದು.

ಹ್ಯಾಮರ್ ಕಂಪೆನಿಯ ಚಿತ್ರಗಳಲ್ಲಿ ಅತಿ ಹೆಚ್ಚು ಸಲ ಕಾಣಿಸಿಕೊಂಡ ನಟ ಕ್ರಿಸ್ಟೋಫರ್ ಲೀ ಅಲ್ಲ, ಪೀಟರ್ ಕುಶಿಂಗ್ ಕೂಡ ಅಲ್ಲ. ಈ ಮೈಕಲ್ ರಿಪ್ಪರ್. ಮೂವತ್ತಕ್ಕೂ ಹೆಚ್ಚು ಚಿತ್ರಗಳು. ಒಂದೇ ಒಂದರಲ್ಲೂ ನಾಯಕನಲ್ಲ!

ಅವರು ಹುಟ್ಟಿದ್ದು 1913ರ ಜನವರಿ 27ರಂದು, ಇಂಗ್ಲೆಂಡಿನ ದಕ್ಷಿಣ ಕರಾವಳಿಯ ಪೋರ್ಟ್ಸ್‌ಮತ್ ಎಂಬ ಬಂದರು ಊರಿನಲ್ಲಿ. ಪ್ರಾಯದಲ್ಲೇ ನಾಟಕಕ್ಕೆ ಇಳಿದರು. ಸಿನೆಮಾಕ್ಕೆ ಬಂದದ್ದು 1930ರ ದಶಕದ ಮಧ್ಯದಲ್ಲಿ. ಆ ಹೊತ್ತಿನ ಬ್ರಿಟಿಷ್ ಸಿನೆಮಾದ ಒಂದು ಸಂಗತಿ ಗಡಿನಾಡಿನವರಾದ ನಮಗೆ ಚೆನ್ನಾಗಿ ಅರ್ಥವಾಗುವಂಥದ್ದು. ಅಮೆರಿಕದ ಚಿತ್ರಗಳು ಬಂದು ಬ್ರಿಟನ್ನಿನ ಥಿಯೇಟರುಗಳನ್ನು ತುಂಬಿಕೊಂಡಿದ್ದವು. ಭಾಷೆ ಒಂದೇ ಆದ್ದರಿಂದ ಮಾತಿನ ಚಿತ್ರಗಳು ಬಂದ ಮೇಲೂ ತಡೆ ಇರಲಿಲ್ಲ. ಸರಕಾರ 1927ರಲ್ಲಿ ಒಂದು ಕಾನೂನು ತಂದಿತ್ತು. ಪ್ರತಿ ಥಿಯೇಟರೂ ಇಷ್ಟು ಪಾಲು ಸ್ವದೇಶಿ ಚಿತ್ರ ತೋರಿಸಲೇಬೇಕು. ಶೇಕಡಾ 5ರಿಂದ ಶುರುವಾಗಿ 1936ರ ಹೊತ್ತಿಗೆ ಶೇಕಡಾ 20ಕ್ಕೆ ಏರಿತು. ಲೆಕ್ಕ ತುಂಬಿಸಲಿಕ್ಕಾಗಿ ಅವಸರ ಅವಸರವಾಗಿ ಅಗ್ಗದ ಚಿತ್ರಗಳು ತಯಾರಾದವು. ಜನ ನಕ್ಕರು. ಆದರೆ ಆ ಅಗ್ಗದ ಚಿತ್ರಗಳಲ್ಲಿ ನೂರಾರು ಮಂದಿ ಕೆಲಸ ಕಲಿತರು. ಅವರಲ್ಲಿ ರಿಪ್ಪರ್ ಒಬ್ಬರು. ಮೀಸಲಾತಿಯಿಂದ ಗುಣಮಟ್ಟ ಕೆಡುತ್ತದೆ ಎಂದು ಕನ್ನಡ ಶಾಲೆಗಳ ಬಗ್ಗೆ ಹೇಳುವವರು ಇದನ್ನು ಸ್ವಲ್ಪ ನೆನಪಿಟ್ಟುಕೊಂಡರೆ ಒಳ್ಳೆಯದು. ಜಾಗ ಉಳಿದರೆ ತಾನೇ ಕೆಲಸ ಕಲಿಯುವುದು?

ಆದರೂ ಅವರ ಮನಸ್ಸು ಇದ್ದದ್ದು ರಂಗಭೂಮಿಯಲ್ಲಿ. 1952ರಲ್ಲಿ ಥೈರಾಯ್ಡ್ ತೊಂದರೆಗೆ ಶಸ್ತ್ರಚಿಕಿತ್ಸೆ ಆಯಿತು. ಆಪರೇಷನ್ ಆದ ಮೇಲೆ ಸ್ವರವನ್ನು ದೊಡ್ಡದು ಮಾಡುವ ಶಕ್ತಿ ಹೋಯಿತು. ಮಾತಾಡಬಹುದು, ಆದರೆ ಥಿಯೇಟರಿನ ಕೊನೆಯ ಸಾಲಿಗೆ ಕೇಳಿಸುವ ಹಾಗೆ ಮಾತಾಡಲಾಗದು. ರಂಗಭೂಮಿಯ ನಟನಿಗೆ ಅಲ್ಲಿಗೆ ಕತೆ ಮುಗಿದ ಹಾಗೆ.

ಇದನ್ನು ತಿಳಿದಾಗ ನಮ್ಮ ಕೋಣೆಯಲ್ಲಿ ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಅಧ್ಯಾಪಕರಿಗೆ ಸ್ವರ ಎಂದರೆ ಏನು ಎಂದು ಅಧ್ಯಾಪಕರಿಗೇ ಗೊತ್ತು. ಮೂವತ್ತು ವರ್ಷ ಹಂಚಿನ ಮಾಡಿನ ಕೆಳಗೆ, ಜೂನ್ ತಿಂಗಳ ಮಳೆಯ ಸದ್ದನ್ನು ಮೀರಿ ಪಾಠ ಹೇಳಿದವರು ನಾವು. ಗಂಟಲು ಕೆಟ್ಟು ಆಫೀಸಿನ ಕೆಲಸಕ್ಕೆ ಸರಿದ ಅಧ್ಯಾಪಕರನ್ನು ನಾವು ಕಂಡಿದ್ದೇವೆ. ಸ್ವರ ಹೋದ ದಿನ ಮನುಷ್ಯನಿಗೆ ತಾನೇ ಹೋದ ಹಾಗೆ ಆಗುತ್ತದೆ.

ರಿಪ್ಪರ್ ಆಗ ಮೂವತ್ತೊಂಬತ್ತರ ಗಂಡಸು. ಅವರು ಸಿನೆಮಾಕ್ಕೇ ಪೂರ್ತಿ ತಿರುಗಿಕೊಂಡರು. ಸಿನೆಮಾದಲ್ಲಿ ಮೈಕು ಹತ್ತಿರ ಇರುತ್ತದೆ, ಕ್ಯಾಮೆರಾ ಇನ್ನೂ ಹತ್ತಿರ. ಕೊನೆಯ ಸಾಲಿಗೆ ಕೂಗಬೇಕಾಗಿಲ್ಲ. ನಾಟಕಕ್ಕೆ ಆಗದ ಆ ಗಡಸು ಸ್ವರವೇ ಸಿನೆಮಾದಲ್ಲಿ ಅವರ ಗುರುತಾಯಿತು. ಪೊಲೀಸು, ಗಾಡಿಯವನು, ಕುಡುಕ, ಸಮಾಧಿ ಅಗೆಯುವವನು. ಇಂಥವರ ಸ್ವರ ಹೇಗೆ ಇರಬೇಕೋ ಹಾಗೆಯೇ ಇತ್ತು ಅದು. 1955ರಲ್ಲಿ ಲಾರೆನ್ಸ್ ಒಲಿವಿಯರ್ ಶೇಕ್ಸ್‌ಪಿಯರನ 'ಮೂರನೆಯ ರಿಚರ್ಡ್' ನಾಟಕವನ್ನು ಸಿನೆಮಾ ಮಾಡಿದಾಗ ರಾಜನ ತಮ್ಮನನ್ನು ಕೊಲ್ಲಲು ಬರುವ ಇಬ್ಬರು ಕೊಲೆಗಾರರಲ್ಲಿ ಒಬ್ಬರಾಗಿ ರಿಪ್ಪರ್ ಇದ್ದಾರೆ. ಕೊಲೆಯಾಗುವವರು ಜಾನ್ ಗಿಲ್‌ಗುಡ್. ಆ ಕಾಲದ ಅತ್ಯಂತ ದೊಡ್ಡ ಸ್ವರದ ನಟ! ಸ್ವರ ಕಳೆದುಕೊಂಡವರು ಅವರೆದುರು ನಿಂತು ಪಾಲಿಗೆ ಬಂದದ್ದನ್ನು ಮಾಡಿದರು.

ಹ್ಯಾಮರ್ ಕಂಪೆನಿ ದೊಡ್ಡ ಬಂಡವಾಳದ್ದಲ್ಲ. ಲಂಡನ್ನಿನ ಹೊರಗೆ ಥೇಮ್ಸ್ ನದಿಯ ದಡದಲ್ಲಿ ಬ್ರೇ ಎಂಬಲ್ಲಿ ಒಂದು ಹಳೆಯ ಬಂಗಲೆ. ಅದೇ ಅವರ ಸ್ಟುಡಿಯೊ. ಒಂದು ಚಿತ್ರಕ್ಕೆ ಕಟ್ಟಿದ ಸೆಟ್ಟನ್ನು ಒಡೆಯದೆ ಇನ್ನೊಂದಕ್ಕೆ ಬಳಸುತ್ತಿದ್ದರು. 1965ರಲ್ಲಿ ಬ್ರೇಯ ಅಂಗಳದಲ್ಲಿ ಕಾರ್ನ್‌ವಾಲ್ ಸೀಮೆಯ ಒಂದು ಹಳ್ಳಿಯ ಸೆಟ್ ಹಾಕಿ ಎರಡು ಚಿತ್ರಗಳನ್ನು ಒಂದರ ಬೆನ್ನಿಗೆ ಒಂದು ತೆಗೆದರು. 'ದ ಪ್ಲೇಗ್ ಆಫ್ ದ ಝೋಂಬೀಸ್' ಮತ್ತು 'ದ ರೆಪ್ಟೈಲ್'. ಎರಡೂ ತೆರೆಗೆ ಬಂದದ್ದು 1966ರಲ್ಲಿ, ನಿರ್ದೇಶಕರು ಇಬ್ಬರಲ್ಲ, ಒಬ್ಬರೇ, ಜಾನ್ ಗಿಲ್ಲಿಂಗ್. ಮೊದಲನೆಯದರಲ್ಲಿ ರಿಪ್ಪರ್ ಆ ಊರಿನ ಪೊಲೀಸ್ ಸಾರ್ಜೆಂಟ್. ಎರಡನೆಯದರಲ್ಲಿ ಅದೇ ಬೀದಿಯಲ್ಲಿ ಹೆಂಡದಂಗಡಿಯ ಧಣಿ. ಟೊಪ್ಪಿ ತೆಗೆದು ಏಪ್ರನ್ ಕಟ್ಟಿದ್ದಷ್ಟೇ ವ್ಯತ್ಯಾಸ ಎಂದು ಮೇಲಿಂದ ಕಾಣುತ್ತದೆ. ಎರಡನ್ನೂ ನೋಡಿದರೆ ಹಾಗಲ್ಲ ಎಂದು ತಿಳಿಯುತ್ತದೆ.

ಈ ಧಣಿಯ ಪಾತ್ರದ ಬಗ್ಗೆಯೇ ಹೇಳಬೇಕು. ಇಂಗ್ಲೆಂಡಿನ ಹಳ್ಳಿಯ ಪಬ್ಬು ಎಂದರೆ ಹೆಂಡದಂಗಡಿಯೂ ಹೌದು, ದಾರಿಹೋಕರು ರಾತ್ರಿ ತಂಗುವ ಹೋಟೆಲೂ ಹೌದು, ಊರಿನ ಪಂಚಾಯಿತಿ ಕಟ್ಟೆಯೂ ಹೌದು. ಭೂತದ ಚಿತ್ರಗಳಲ್ಲಿ ನಾಯಕ ಊರಿಗೆ ಬಂದವನು ಮೊದಲು ಹೋಗುವುದು ಅಲ್ಲಿಗೆ. "ಬೆಟ್ಟದ ಮೇಲಿನ ಕೋಟೆಗೆ ದಾರಿ ಯಾವುದು?" ಎಂದು ಕೇಳುತ್ತಾನೆ. ಕೂತವರೆಲ್ಲ ಲೋಟ ಕೆಳಗಿಟ್ಟು ಸುಮ್ಮನಾಗುತ್ತಾರೆ. ಧಣಿಯ ಮುಖ ಬಿಳಿಚಿಕೊಳ್ಳುತ್ತದೆ. ಇಂಥ ದೃಶ್ಯವನ್ನು ಎಷ್ಟು ಚಿತ್ರದಲ್ಲಿ ನೋಡಿಲ್ಲ ನಾವು! ನಗು ಬರುವಷ್ಟು ಹಳತಾಗಿದೆ.

ರಿಪ್ಪರ್ ಈ ಧಣಿಯ ಪಾತ್ರವನ್ನು ಐದು ವರ್ಷದೊಳಗೆ ಮೂರು ಚಿತ್ರಗಳಲ್ಲಿ ಮಾಡಿದ್ದಾರೆ, ಮೂರರಲ್ಲೂ ಬೇರೆ ಬೇರೆ ಮನುಷ್ಯ.

'ದ ರೆಪ್ಟೈಲ್' ಚಿತ್ರದ ಧಣಿಯ ಹೆಸರು ಟಾಮ್ ಬೈಲಿ. ಸತ್ತ ಸಹೋದರನ ಮನೆಗೆ ಹೊಸದಾಗಿ ಬಂದ ಗಂಡ ಹೆಂಡತಿಯನ್ನು ಕಂಡರೆ ಊರಿನವರೆಲ್ಲ ಮುಖ ತಿರುಗಿಸುತ್ತಾರೆ. ಟಾಮ್ ಬೈಲಿ ಒಬ್ಬನೇ ಅವರ ಜತೆ ನಿಲ್ಲುತ್ತಾನೆ. ಮೊದಲು ಅವನೂ ದೂರವೇ. ಅಂಗಡಿಯಲ್ಲಿ ಗಿರಾಕಿ ತಪ್ಪಬಾರದಲ್ಲ! ಆಮೇಲೆ ನಿಧಾನವಾಗಿ, ಬೇಡ ಬೇಡ ಎನ್ನುತ್ತಲೇ, ಕಡೆಗೆ ರಾತ್ರಿ ನಾಯಕನೊಂದಿಗೆ ಸಮಾಧಿ ಅಗೆಯುವವರೆಗೂ ಬರುತ್ತಾನೆ. ಧೈರ್ಯವಂತನಾಗಿ ಬರುವುದಲ್ಲ, ಹೆದರಿಕೊಂಡೇ ಬರುತ್ತಾನೆ. ಅದು ಮುಖದಲ್ಲಿ ಕಾಣುತ್ತದೆ.

1968ರ 'ಡ್ರಾಕುಲಾ ಹ್ಯಾಸ್ ರಿಸನ್ ಫ್ರಮ್ ದ ಗ್ರೇವ್' ಚಿತ್ರದ ಮ್ಯಾಕ್ಸ್ ಇನ್ನೊಂದು ತರದವನು. ಸಂತೋಷದ ಮನುಷ್ಯ. ಓದುತ್ತಿರುವ ಬಡ ಹುಡುಗ ಪೌಲನಿಗೆ ತನ್ನಲ್ಲಿ ಕೆಲಸ ಕೊಟ್ಟಿದ್ದಾನೆ. ಡ್ರಾಕುಲಾನ ಗಾಳಿಯೇ ತಾಗದ ಹಾಗೆ ಇರುತ್ತಾನೆ. ಅವನ ಅಂಗಡಿಯ ಬೆಳಕು, ನಗು ಇಲ್ಲದಿದ್ದರೆ ಹೊರಗಿನ ಕತ್ತಲೆ ಕತ್ತಲೆಯಾಗಿ ಕಾಣುತ್ತಲೇ ಇರಲಿಲ್ಲ.

1970ರ 'ಸ್ಕಾರ್ಸ್ ಆಫ್ ಡ್ರಾಕುಲಾ' ಚಿತ್ರದ ಧಣಿ ಕಠಿಣ. ಚಿತ್ರದ ಆರಂಭದಲ್ಲಿ ಅವನೇ ಮುಂದಾಳಾಗಿ ಊರ ಗಂಡಸರನ್ನು ಕರೆದುಕೊಂಡು ಹೋಗಿ ಡ್ರಾಕುಲಾನ ಕೋಟೆಗೆ ಬೆಂಕಿ ಇಡುತ್ತಾನೆ. ಗೆದ್ದೆವು ಎಂದು ವಾಪಸು ಬಂದು ನೋಡಿದರೆ, ರಕ್ಷಣೆಗೆಂದು ಇಗರ್ಜಿಯೊಳಗೆ ಬಿಟ್ಟುಹೋಗಿದ್ದ ಹೆಂಗಸರೆಲ್ಲ ಸತ್ತು ಬಿದ್ದಿದ್ದಾರೆ. ಮುಂದೆ ಅಪರಿಚಿತರು ಬಂದು ಆಸರೆ ಕೇಳಿದಾಗ ಅವನು ಬಾಗಿಲು ಮುಚ್ಚುತ್ತಾನೆ. ಆ ಬಾಗಿಲು ಮುಚ್ಚುವುದರಲ್ಲಿ ದುಷ್ಟತನ ಇಲ್ಲ. ಒಮ್ಮೆ ಧೈರ್ಯ ಮಾಡಿ ಎಲ್ಲವನ್ನೂ ಕಳೆದುಕೊಂಡವನ ಬಾಗಿಲು ಅದು.

ಅಂಗಡಿ ಒಂದೇ, ಏಪ್ರನ್ ಒಂದೇ, ಮುಖವೂ ಒಂದೇ. ಮನುಷ್ಯರು ಮೂವರು. ಯಾರೂ ಕೇಳದಿದ್ದರೂ ರಿಪ್ಪರ್ ಈ ಕೆಲಸ ಮಾಡಿದ್ದಾರೆ. ಪೋಸ್ಟರಿನಲ್ಲಿ ಇರುವುದು ಕ್ರಿಸ್ಟೋಫರ್ ಲೀ ಅವರ ಕೆಂಪು ಕಣ್ಣು. ಟಿಕೇಟು ತೆಗೆದವರು ಬಂದದ್ದೂ ಅದಕ್ಕೇ. ಧಣಿಯ ಪಾತ್ರ ಹೇಗೆ ಮಾಡಿದರೂ ನಡೆಯುತ್ತಿತ್ತು.

ನಡೆಯುತ್ತಿತ್ತೇ? ಇಲ್ಲಿಯೇ ನಮ್ಮ ಮಾತು ಇರುವುದು.

ಡ್ರಾಕುಲಾ ಯಾಕೆ ಭಯಂಕರ? ಕ್ರಿಸ್ಟೋಫರ್ ಲೀ ಎತ್ತರದ ಆಳು, ಕಪ್ಪು ನಿಲುವಂಗಿ, ಉದ್ದ ಹಲ್ಲು. ಸರಿ. 1966ರ 'ಡ್ರಾಕುಲಾ: ಪ್ರಿನ್ಸ್ ಆಫ್ ಡಾರ್ಕ್‌ನೆಸ್' ಚಿತ್ರದಲ್ಲಂತೂ ಅವರಿಗೆ ಒಂದು ಮಾತೂ ಇಲ್ಲ. ಅಂದರೆ ಚಿತ್ರದಲ್ಲಿ ಮಾತಿಲ್ಲದವನು ಈಟಿ ಹಿಡಿದ ಕಾವಲುಗಾರ ಮಾತ್ರ ಅಲ್ಲ, ಕೆಲವೊಮ್ಮೆ ನಾಯಕನೂ ಹೌದು! ಆದರೆ ಅವರು ತೆರೆಯ ಮೇಲೆ ಇಲ್ಲದಾಗಲೂ ಭಯ ಇರುತ್ತದಲ್ಲ, ಅದು ಎಲ್ಲಿಂದ ಬರುತ್ತದೆ? ಲೋಟ ಒರೆಸುತ್ತಿದ್ದ ಧಣಿಯ ಕೈ ನಿಂತುಬಿಡುತ್ತದೆ ನೋಡಿ, ಅಲ್ಲಿಂದ. ಡ್ರಾಕುಲಾನಿಗೆ ಹೆದರುವ ಒಬ್ಬ ಮನುಷ್ಯ ನಮಗೆ ಬೇಕು. ಅವನು ನಮ್ಮಂಥವನೇ ಆಗಿರಬೇಕು. ಅಂಗಡಿ, ಬಾಡಿಗೆ, ಗಿರಾಕಿ ಎಂದು ಬದುಕುವವನು. ಅವನು ನಂಬಿದರೆ ನಾವು ನಂಬುತ್ತೇವೆ. ಅವನು ತೋರಿಕೆಗೆ ಹೆದರಿದರೆ ಡ್ರಾಕುಲಾ ಬರೀ ಒಂದು ವೇಷ.

ಕಾಸರಗೋಡಿನ ಕಡೆಯ ನಮಗೆ ಇದು ಹೊಸತಲ್ಲ. ಆಟದಲ್ಲಿ ಬಣ್ಣದ ವೇಷ ಎಷ್ಟು ಅಬ್ಬರಿಸಿದರೂ, ಎದುರಿಗೆ ನಿಂತ ದೂತ ಹೆದರದಿದ್ದರೆ ಆ ಅಬ್ಬರ ಬರೀ ಚೆಂಡೆಯ ಸದ್ದು. ಹಾಸ್ಯಗಾರನ ಬೆಲೆ ಬಲ್ಲ ಭಾಗವತರು ಇದನ್ನು ಒಪ್ಪುತ್ತಾರೆ.

ಹಾಗಾಗಿ "ಸಣ್ಣ ಪಾತ್ರ ಎಂಬುದು ಇಲ್ಲ" ಎಂಬ ಮಾತನ್ನು ನಾವು ಇನ್ನು ಹೇಳುವುದಿಲ್ಲ ಎಂದು ತೀರ್ಮಾನಿಸಿದ್ದೇವೆ. ಅದು ಸುಳ್ಳು. ಸಣ್ಣ ಪಾತ್ರ ಉಂಟು. ಅದಕ್ಕೆ ಸಂಬಳ ಕಡಿಮೆ, ಹೆಸರು ಕೊನೆಗೆ, ಪೋಸ್ಟರಿನಲ್ಲಿ ಮುಖ ಇಲ್ಲ. ಮಕ್ಕಳಿಗೆ ಇದು ನಮಗಿಂತ ಚೆನ್ನಾಗಿ ಗೊತ್ತು. ಹೇಳಬೇಕಾದ ಮಾತು ಬೇರೆ. ಪಾತ್ರ ಸಣ್ಣದು, ಕೆಲಸ ಸಣ್ಣದಲ್ಲ. ರಾಜ ಸತ್ತದ್ದು ಸಭೆಗೆ ಗೊತ್ತಾಗುವುದು ರಾಜನಿಂದ ಅಲ್ಲ, ಅವನನ್ನು ನೋಡುತ್ತಿರುವ ಕಾವಲುಗಾರನಿಂದ. ಆ ಹುಡುಗನಿಗೆ ನಾವು ಇದನ್ನು ಹೇಳಿಕೊಡಲಿಲ್ಲ. "ಅಲ್ಲಿ ನಿಂತುಕೋ" ಎಂದೆವು. ಅವನು ನಿಂತ. ತಪ್ಪು ಯಾರದು ಎಂದು ಮೊದಲು ಕೇಳಿದ್ದೆವಲ್ಲ, ಉತ್ತರ ಇದು.

ಇಷ್ಟು ಹೇಳಿದ ಮೇಲೆ ಇನ್ನೊಂದು ಬದಿಯನ್ನೂ ಹೇಳಬೇಕು. ಸಣ್ಣ ಪಾತ್ರವನ್ನು ಹೊಗಳಿ ಹೊಗಳಿ ಅನ್ಯಾಯವನ್ನು ಮುಚ್ಚಿಬಿಡುವ ಅಪಾಯ ಉಂಟು.

ರಿಪ್ಪರ್ ಅವರು ಸಿಕ್ಕಿದ್ದನ್ನೆಲ್ಲ ಮಾಡಿದರು. 1958ರ 'ದ ಕ್ಯಾಂಪ್ ಆನ್ ಬ್ಲಡ್ ಐಲ್ಯಾಂಡ್' ಚಿತ್ರದಲ್ಲಿ ಜಪಾನಿ ಸೈನ್ಯದ ಡ್ರೈವರ್, ಕೆಲವು ವರ್ಷದ ನಂತರ ಅದೇ ಸಾಲಿನ ಇನ್ನೊಂದು ಚಿತ್ರದಲ್ಲಿ ಜಪಾನಿ ಲೆಫ್ಟಿನೆಂಟ್. ಬಿಳಿಯ ನಟರಿಗೆ ಮುಖಕ್ಕೆ ಬಣ್ಣ ಬಳಿದು, ಕಣ್ಣು ಕಿರಿದು ಮಾಡಿ ಏಷ್ಯಾದವರ ವೇಷ ಹಾಕಿಸುತ್ತಿದ್ದ ಕಾಲ. ಇಂದು ನೋಡಿದರೆ ಮುಜುಗರವಾಗುತ್ತದೆ. ಆಗುವುದೇ ಸರಿ.

'ದ ರೆಪ್ಟೈಲ್' ಚಿತ್ರದಲ್ಲೇ ಇನ್ನೊಬ್ಬ ನಟ ಇದ್ದಾರೆ, ಮಾರ್ನ್ ಮೈಟ್‌ಲ್ಯಾಂಡ್. ಹುಟ್ಟಿದ್ದು ನಮ್ಮ ಕಲ್ಕತ್ತೆಯಲ್ಲಿ. ಆ ಚಿತ್ರದಲ್ಲಿ ಶಾಪ ಹೊತ್ತು ತರುವ ಮಲಯದವನು. ಹ್ಯಾಮರಿನದೇ 1959ರ 'ದ ಸ್ಟ್ರ್ಯಾಂಗ್ಲರ್ಸ್ ಆಫ್ ಬಾಂಬೆ' ಎಂಬ ಥಗ್ಗರ ಕತೆಯಲ್ಲಿ ಪಟೇಲ. 1956ರ 'ಭೋವಾನಿ ಜಂಕ್ಷನ್' ಚಿತ್ರದಲ್ಲಿ ಗೋವಿಂದಸ್ವಾಮಿ. 1974ರ ಜೇಮ್ಸ್ ಬಾಂಡ್ ಚಿತ್ರದಲ್ಲಿ ಮಕಾವಿನ ಕೋವಿ ಮಾಡುವವನು. ಪ್ರತಿ ಸಲವೂ ಹೊರಗಿನವನು, ಪ್ರತಿ ಸಲವೂ ಸ್ವಲ್ಪ ಸಂಶಯದ ಮನುಷ್ಯ. ರಿಪ್ಪರ್ ಅವರಿಗೆ ಸಣ್ಣ ಪಾತ್ರವಾದರೂ ಒಳ್ಳೆಯವನು, ಹೇಡಿ, ಕುಡುಕ, ಸೋಮಾರಿ ಎಂದು ನಾನಾ ಬಗೆ ಸಿಕ್ಕಿತು. ಮೈಟ್‌ಲ್ಯಾಂಡ್ ಅವರಿಗೆ ಆ ಭಾಗ್ಯವೂ ಇರಲಿಲ್ಲ. ಕಾರಣ ಅಭಿನಯ ಅಲ್ಲ, ಮುಖದ ಬಣ್ಣ.

ಶಾಲೆಯಲ್ಲಿ ನಾವೂ ಇದನ್ನು ಮಾಡುತ್ತೇವೆ, ಗೊತ್ತಿಲ್ಲದೆ. ಬೆಳ್ಳಗಿದ್ದ ಹುಡುಗಿ ರಾಣಿ. ಕಪ್ಪಗಿದ್ದ ಹುಡುಗ ರಾಕ್ಷಸ. ದಪ್ಪಗಿದ್ದವನು ಹಾಸ್ಯಕ್ಕೆ. ತೊದಲುವವನು ಮರದ ವೇಷಕ್ಕೆ. ವರ್ಷ ವರ್ಷವೂ ಅದೇ. ಸಣ್ಣ ಪಾತ್ರ ಒಮ್ಮೆ ಸಿಕ್ಕಿದರೆ ಅದು ಕಲಿಕೆ. ಒಂದೇ ಮಗುವಿಗೆ ಏಳು ವರ್ಷ ಅದೇ ಸಿಕ್ಕಿದರೆ ಅದು ಹಣೆಬರಹ ಬರೆದ ಹಾಗೆ. ನಮಗೆ ಹಣೆಬರಹ ಬರೆಯುವ ಅಧಿಕಾರ ಯಾರು ಕೊಟ್ಟದ್ದು?

1967ರ 'ದ ಮಮ್ಮೀಸ್ ಶ್ರೌಡ್' ಚಿತ್ರದಲ್ಲಿ ರಿಪ್ಪರ್ ಲಾಂಗ್‌ಬ್ಯಾರೋ ಎಂಬ ಗುಮಾಸ್ತ. ಈಜಿಪ್ಟಿನಲ್ಲಿ ಸಮಾಧಿ ಅಗೆಸುವ ಒಬ್ಬ ಹಣವಂತನ ಕೈಕೆಳಗೆ ಕೆಲಸ. ಆ ಧಣಿ ದಿನವಿಡೀ ಇವನನ್ನು ಗದರಿಸುತ್ತಾನೆ. ಇವನು "ಆಯ್ತು ಸಾರ್, ಆಯ್ತು ಸಾರ್" ಎನ್ನುತ್ತಾನೆ. ಊರಿಗೆ, ಇಂಗ್ಲೆಂಡಿಗೆ, ಒಮ್ಮೆ ವಾಪಸು ಹೋದರೆ ಸಾಕು ಎಂಬುದೊಂದೇ ಅವನ ಆಸೆ. ಕಡೆಗೆ ಮಮ್ಮಿ ಬಂದು ಅವನನ್ನು ಎತ್ತಿ ಮಹಡಿಯ ಕಿಟಕಿಯಿಂದ ಕೆಳಗೆ ಎಸೆಯುತ್ತದೆ. ತಪ್ಪು ಮಾಡಿದವನು ಧಣಿ, ಮೊದಲು ಸತ್ತವನು ಗುಮಾಸ್ತ. ಆ ಚಿತ್ರದಲ್ಲಿ ಎಷ್ಟೋ ಮಂದಿ ಸಾಯುತ್ತಾರೆ. ನಮಗೆ ಸಂಕಟವಾದದ್ದು ಈ ಒಂದು ಸಾವಿಗೆ. ನಮ್ಮಲ್ಲೊಬ್ಬರು, "ಇವನು ನಮ್ಮ ಶಾಲೆಯ ಆಫೀಸಿನಲ್ಲೂ ಇದ್ದಾನೆ ಮಾರಾಯ್ರೆ" ಎಂದರು. ಯಾರೂ ನಗಲಿಲ್ಲ.

ಹ್ಯಾಮರ್ ಕಂಪೆನಿಗೆ 1968ರಲ್ಲಿ ರಾಣಿಯ ಹೆಸರಿನ ಉದ್ಯಮ ಪ್ರಶಸ್ತಿ ಬಂತು, ಹೊರದೇಶಗಳಿಂದ ಬ್ರಿಟನ್ನಿಗೆ ಹಣ ತಂದುಕೊಟ್ಟದ್ದಕ್ಕೆ. 70ರ ದಶಕದಲ್ಲಿ ಆ ಕಂಪೆನಿ ಇಳಿಮುಖವಾಯಿತು. ಆದರೆ ರಿಪ್ಪರ್ ಅವರ ಕೆಲಸ ನಿಲ್ಲಲಿಲ್ಲ. ಟಿವಿಗೆ ಹೋದರು. 1978ರಿಂದ 83ರವರೆಗೆ ಬಿಬಿಸಿಯಲ್ಲಿ ಬಂದ 'ಬಟರ್‌ಫ್ಲೈಸ್' ಎಂಬ ಹಾಸ್ಯ ಧಾರಾವಾಹಿಯಲ್ಲಿ ಒಬ್ಬ ಶ್ರೀಮಂತನ ಕಾರು ಡ್ರೈವರ್ ಥಾಮಸ್ ಆದರು. ಮದುವೆಯಾದ ಹೆಂಗಸೊಬ್ಬಳ ಮೇಲೆ ಮನಸ್ಸಿಟ್ಟ ಧಣಿಯನ್ನು ಕರೆದುಕೊಂಡು ಹೋಗಿ ಕಾಯುವ ಕೆಲಸ. ಭೂತದ ಚಿತ್ರ ನೋಡದ ಮನೆಗಳಿಗೂ ಆ ಮುಖ ಪರಿಚಯವಾಯಿತು. ಹೆಸರು ಗೊತ್ತಿಲ್ಲ, ಮುಖ ಗೊತ್ತು. 1999ರಲ್ಲಿ, ಅವರಿಗೆ 86 ಆದಾಗ, ಅವರ ಮೇಲೊಂದು ಪುಸ್ತಕ ಬಂತು. ಬರೆದವರು ಡೆರೆಕ್ ಪೈಕೆಟ್. ಹೆಸರು 'ಮೈಕಲ್ ರಿಪ್ಪರ್ ಅನ್‌ಮಾಸ್ಕ್‌ಡ್', ಎಂದರೆ ಮುಖವಾಡ ತೆಗೆದ ಮೈಕಲ್ ರಿಪ್ಪರ್. ಮರು ವರ್ಷ, 2000ದ ಜೂನ್ 28ರಂದು, ಅವರು ತೀರಿಕೊಂಡರು. ನೂರಕ್ಕೂ ಹೆಚ್ಚು ಚಿತ್ರಗಳು ಹಿಂದೆ ಉಳಿದವು.

ಕಾಣುವ ಹಾಗೆ ಕೆಲಸ ಮಾಡಿದರೆ ಯಾವತ್ತಾದರೂ ಯಾರಾದರೂ ಗುರುತಿಸುತ್ತಾರೆ ಎಂಬ ನೀತಿಪಾಠವನ್ನು ಇಲ್ಲಿ ಹೇಳಲು ನಮಗೆ ಮನಸ್ಸಿಲ್ಲ. ಗುರುತಿಸದೆ ಹೋದವರೇ ಹೆಚ್ಚು. ನಾವು ಹೇಳುವುದು ಮಕ್ಕಳಿಗಲ್ಲ, ನಮಗೇ. ಗುರುತಿಸುವ ಕೆಲಸ ನಮ್ಮದು.

ಗಡಿಯಾಚೆಯ ಕನ್ನಡ ಶಾಲೆಗಳಲ್ಲಿ ನಮಗೆ ಮಕ್ಕಳು ಕಡಿಮೆ. ನಮ್ಮ ಒಂದು ತರಗತಿಯಲ್ಲಿ ಹನ್ನೊಂದೇ ಮಕ್ಕಳು. ನಾಟಕಕ್ಕೆ ಹದಿನಾಲ್ಕು ಪಾತ್ರ ಬೇಕು! ಇಂಥಲ್ಲಿ ಒಂದು ಮಗು ಕೈ ಎತ್ತದೆ ಹೋದರೆ ಅದು ಸಣ್ಣ ನಷ್ಟವಲ್ಲ. ಆ ಮಗು ರಂಗಸ್ಥಳದಲ್ಲಿ ಕನ್ನಡ ಮಾತಾಡುವ ಅವಕಾಶವನ್ನೇ ಬಿಟ್ಟುಕೊಟ್ಟ ಹಾಗೆ. ಬೇರೆಲ್ಲಿ ಅದು ಸಿಗುತ್ತದೆ ಅವನಿಗೆ? ಎರಡು ರಾಜ್ಯಗಳ ದೊಡ್ಡ ನಾಟಕದಲ್ಲಿ ನಾವೇ ಈಟಿ ಹಿಡಿದು ಬದಿಗೆ ನಿಂತವರು. "ನೀವು ಅಲ್ಲಿ ನಿಂತುಕೊಳ್ಳಿ" ಎಂದು ನಮಗೆ ಹೇಳಿದಾಗ ಎಷ್ಟು ಉರಿಯುತ್ತದೆ! ಅದೇ ಮಾತನ್ನು ನಾವು ಒಂದು ಮಗುವಿಗೆ ಹೇಳಿದೆವು.

ಈ ವರ್ಷದಿಂದ ನಾವು ಕೆಲವು ನಿಯಮ ಮಾಡಿಕೊಂಡಿದ್ದೇವೆ. ಮಾತಿಲ್ಲದ ಪಾತ್ರಕ್ಕೂ ರಿಹರ್ಸಲ್ ಉಂಟು, ವಾರಕ್ಕೆ ಒಂದು ದಿನ ಅವರದ್ದೇ. ಪ್ರತಿ ಪಾತ್ರಕ್ಕೂ ಒಂದು ಹೆಸರು, ಒಂದು ಊರು, ಮನೆಯಲ್ಲಿ ಯಾರಿದ್ದಾರೆ ಎಂಬ ಒಂದು ಕತೆ. ಕಾವಲುಗಾರ ಎಂದಲ್ಲ, ಅವನಿಗೂ ಒಂದು ಹೆಸರು ಇರಲಿ. ಆಮಂತ್ರಣದಲ್ಲಿ ಎಲ್ಲ ಮಕ್ಕಳ ಹೆಸರೂ ಒಂದೇ ಅಳತೆಯ ಅಕ್ಷರದಲ್ಲಿ. ಕಳೆದ ಸಲ ರಾಜನಾದವನಿಗೆ ಈ ಸಲ ಈಟಿ. ಕಡೆಯದು, ಉತ್ತಮ ನಟ ಎಂಬ ಒಂದೇ ಬಹುಮಾನ ಸಾಕಾಗುವುದಿಲ್ಲ. ಇನ್ನೊಬ್ಬನ ಅಭಿನಯವನ್ನು ಎತ್ತಿಹಿಡಿದವನಿಗೂ ಒಂದು ಬಹುಮಾನ ಇರಬೇಕು.

ಇಷ್ಟು ಮಾಡಿದರೆ ನಾಟಕ ಚೆನ್ನಾಗಿ ಆಗುತ್ತದೆಯೇ? ಹೇಳಲಾಗದು. ಕಲೋತ್ಸವದಲ್ಲಿ ಬಹುಮಾನ ಬರುತ್ತದೆ ಎಂಬ ಭರವಸೆಯೂ ಇಲ್ಲ. ಕೆಲವು ಸಹೋದ್ಯೋಗಿಗಳು, "ಎಂತ ಮಾರಾಯ್ರೆ, ಪೋರ್ಶನ್ ಮುಗಿಸಲಿಕ್ಕೇ ಸಮಯ ಇಲ್ಲ, ಈಟಿ ಹಿಡಿಯುವವನಿಗೆ ರಿಹರ್ಸಲಾ?" ಎಂದಿದ್ದಾರೆ. ಅವರ ಕಷ್ಟವೂ ನಿಜವೇ.

ನಮ್ಮ ಕಣ್ಣಿಗೆ ಕಟ್ಟಿದ ಹಾಗೆ ಉಳಿದದ್ದು 1962ರ 'ಕ್ಯಾಪ್ಟನ್ ಕ್ಲೆಗ್' ಚಿತ್ರದ ಕಡೆಯ ದೃಶ್ಯ. ಕತೆ ನಡೆಯುವುದು ಹದಿನೆಂಟನೆಯ ಶತಮಾನದ ಕೊನೆಗೆ, ಇಂಗ್ಲೆಂಡಿನ ಒಂದು ಜವುಗು ನೆಲದ ಹಳ್ಳಿಯಲ್ಲಿ. ಪೀಟರ್ ಕುಶಿಂಗ್ ಹಳ್ಳಿಯ ಪಾದ್ರಿ. ನಿಜವಾಗಿ ಅವನು ಗಲ್ಲಿಗೇರಿಸಿದ್ದಾರೆ ಎಂದು ಎಲ್ಲರೂ ನಂಬಿದ್ದ ಹಳೆಯ ಕಡಲುಗಳ್ಳ ಕ್ಲೆಗ್. ಈಗ ಊರಿನ ಬಡವರಿಗಾಗಿ ಕಳ್ಳಸಾಗಣೆ ನಡೆಸುತ್ತಾನೆ. ರಿಪ್ಪರ್ ಅವನ ಬಂಟ ಮಿಪ್ಸ್. ಶವಪೆಟ್ಟಿಗೆ ಮಾಡುವ ಬಡಗಿ, ಕಳ್ಳ ಸರಕು ಸಾಗಿಸಲು ಆ ಪೆಟ್ಟಿಗೆಗಳೇ ಸಾಧನ. ಇಡೀ ಚಿತ್ರದಲ್ಲಿ ಅವನು ಹಿಂದೆ ಹಿಂದೆ ಇರುತ್ತಾನೆ, ನಗಿಸುತ್ತಾನೆ, ಸುಳ್ಳು ಹೇಳಿ ಯಜಮಾನನನ್ನು ಉಳಿಸುತ್ತಾನೆ. ಕಡೆಗೆ ಕ್ಲೆಗ್ ಸಾಯುತ್ತಾನೆ. ಮಿಪ್ಸ್ ಅವನ ಹೆಣವನ್ನು ಎರಡೂ ಕೈಯಲ್ಲಿ ಎತ್ತಿಕೊಂಡು, ಅಳುತ್ತಾ, ಬಹಳ ಕಾಲದಿಂದ ಖಾಲಿ ಬಿದ್ದಿದ್ದ ಸಮಾಧಿಗೆ ಒಯ್ದು ಮಲಗಿಸುತ್ತಾನೆ. ನಾಯಕನದು ಕಣ್ಣು ಮುಚ್ಚಿ ಸುಮ್ಮನೆ ಇರುವ ಕೆಲಸ. ಭಾರ ಹೊತ್ತವರು ರಿಪ್ಪರ್.

ಮೊನ್ನೆ ನಾವು ಆ ಹುಡುಗನನ್ನು, ಈಗ ಎಂಟನೆಯ ತರಗತಿ, ಸ್ಟಾಫ್ ರೂಮಿಗೆ ಕರೆದು ಕಳೆದ ವರ್ಷದ ತಪ್ಪು ನಮ್ಮದು ಎಂದು ಹೇಳಿದೆವು. ಅವನು ನೆಲ ನೋಡಿದ. "ರಾಜ ಸಾಯುವಾಗ ನಾನು ಎಂತ ಮಾಡ್ಬೇಕಿತ್ತು ಮಾಷ್ಟ್ರೇ?" ಎಂದು ಕೇಳಿದ.

ಅದನ್ನು ನಾವು ಒಂದು ವರ್ಷ ಮೊದಲೇ ಅವನಿಗೆ ಹೇಳಬೇಕಿತ್ತು. ಈಗ ಹೇಳಿದ್ದೇವೆ. ನಾಟಕಕ್ಕೆ ಬರುತ್ತಾನೋ ಇಲ್ಲವೋ ಅವನು ಇನ್ನೂ ಹೇಳಿಲ್ಲ.

ನಿಮ್ಮ ಶಾಲೆಯಲ್ಲಿ ಈಟಿ ಹಿಡಿಯುವವರು ಯಾರು? ಅವರಿಗೆ ರಿಹರ್ಸಲ್ ಉಂಟಾ?